ಕಬ್ಬಿಣದ ಗುಂಪು ತಿಳಿದು ಬೆಸುಗೆ ಹಾಕಿಸಿ

ಮುಂಗಾರಿನ ಹದ ಮಳೆ ಬಿದ್ದಿತೆಂದರೆ ಸೇಡಂ, ಚಿತ್ತಾಪುರ, ವಾಡಿ, ಶಹಾಬಾದ ಮತ್ತು ಚಿಂಚೋಳಿಯ ವೆಲ್ಡಿಂಗ್ ಅಂಗಡಿಗಳ ಮುಂದೆ ಕಲ್ಟಿವೇಟರು, ಕುಂಟೆ, ಕೂರಿಗೆ, ಟ್ರ್ಯಾಲಿಗಳು ಸಾಲುಗಟ್ಟುತ್ತವೆ. ಕಪ್ಪು ನೆಲದಲ್ಲಿ ತೊಗರಿ ಬಿತ್ತನೆಗೆ ಒದಗುವ ಹದ ಕೆಲವೇ ದಿನಗಳದು. ನೆಲ ಹಸಿಯಿದ್ದರೆ ಕುಂಟೆಗೆ ಮಣ್ಣು ಮೆತ್ತುತ್ತದೆ, ಒಣಗಿದರೆ ಹೆಂಟೆ ಏಳುತ್ತದೆ. ಈ ಅವಸರದಲ್ಲಿ ಹಾಕಿಸಿದ ಬೆಸುಗೆ ಎರಡನೆಯ ದಿನವೇ ಹೊಲದ ನಡುವೆ ಬಿಟ್ಟಿತೆಂದರೆ ರೈತನು ಕಳೆದುಕೊಳ್ಳುವುದು ಬೆಸುಗೆಯ ಕೂಲಿಯನ್ನಷ್ಟೇ ಅಲ್ಲ, ಹದವನ್ನೇ.

ಹೀಗೆ ಮುರಿದ ಭಾಗವನ್ನು ಕೈಯಲ್ಲಿ ಹಿಡಿದು ನೋಡಿದರೆ ಒಂದು ಸಂಗತಿ ಗಮನಕ್ಕೆ ಬರುತ್ತದೆ. ಬಹಳ ಸಲ ಬೆಸುಗೆ ಅಚ್ಚುಕಟ್ಟಾಗಿ ಹಾಗೆಯೇ ಉಳಿದಿರುತ್ತದೆ. ಮುರಿದಿರುವುದು ಅದರ ಅಂಚಿಗೆ ಹತ್ತಿದ ಮೂಲ ಕಬ್ಬಿಣ. ರೈತನು ಬೆಸುಗೆಗಾರನನ್ನು ದೂರುತ್ತಾನೆ, ಬೆಸುಗೆಗಾರನು ಕಡ್ಡಿಯನ್ನು ದೂರುತ್ತಾನೆ. ತಪ್ಪು ಅನೇಕ ವೇಳೆ ಇಬ್ಬರದೂ ಅಲ್ಲ, ಕಡ್ಡಿಯದೂ ಅಲ್ಲ. ಬೆಸೆಯಬೇಕಾದ ಕಬ್ಬಿಣ ಯಾವ ಗುಂಪಿಗೆ ಸೇರಿದ್ದು ಎಂದು ಯಾರೂ ಕೇಳಿರುವುದಿಲ್ಲ.

ಬಾಯ್ಲರ್ ಕೆಲಸದಲ್ಲಿರುವ ಕಟ್ಟಳೆ

ಈ ಪ್ರಶ್ನೆಯನ್ನು ಮೊದಲು ಕೇಳದೆ ಕಡ್ಡಿ ಹಚ್ಚದ ಒಂದು ಉದ್ಯಮವಿದೆ. ಅದನ್ನು ನೋಡಲು ಈ ಭಾಗದವರು ದೂರ ಹೋಗಬೇಕಾಗಿಲ್ಲ. ಶಹಾಬಾದಿನಲ್ಲಿ ಎ.ಸಿ.ಸಿ.-ವಿಕರ್ಸ್-ಬ್ಯಾಬ್‌ಕಾಕ್ ಎಂಬ ಹೆಸರಿನಿಂದ ನಡೆದು, ಒಡೆತನ ಬದಲಾದ ಮೇಲೂ ಜನರ ಬಾಯಲ್ಲಿ ಎ.ವಿ.ಬಿ. ಆಗಿಯೇ ಉಳಿದ ಕಾರ್ಖಾನೆಯು ಬಾಯ್ಲರುಗಳಿಗೂ ಸಿಮೆಂಟ್ ಯಂತ್ರಗಳಿಗೂ ಹೆಸರಾಗಿತ್ತು. ದೊಡ್ಡ ಬಾಯ್ಲರ್ ಒಂದರಲ್ಲಿ ಸಾವಿರಾರು ಬೆಸುಗೆಗಳಿರುತ್ತವೆ. ಒಳಗಿನ ಉಗಿಯ ಒತ್ತಡಕ್ಕೆ ಒಂದು ಸಂದು ಬಿಟ್ಟರೂ ಪ್ರಾಣಹಾನಿಯಾಗಬಹುದು. ಅಂಥಲ್ಲಿ 'ನಮ್ಮ ಬೆಸುಗೆಗಾರ ಪಳಗಿದ ಕೈಯವನು' ಎಂಬ ಭರವಸೆಯೊಂದೇ ಸಾಲದು.

ಈ ಕಟ್ಟುನಿಟ್ಟು ಅನುಭವದಿಂದ ಬಂದದ್ದು. 1905ರಲ್ಲಿ ಅಮೆರಿಕದ ಬ್ರಾಕ್ಟನ್ ಪಟ್ಟಣದ ಪಾದರಕ್ಷೆ ಕಾರ್ಖಾನೆಯೊಂದರಲ್ಲಿ ಬಾಯ್ಲರ್ ಸಿಡಿದು 58 ಜನ ಸತ್ತರು. ಇಂಥ ಅನಾಹುತಗಳ ಬೆನ್ನಿಗೇ ಎ.ಎಸ್.ಎಂ.ಇ. ಎಂಬ ಅಲ್ಲಿನ ಯಂತ್ರ ಇಂಜಿನಿಯರುಗಳ ಸಂಘವು 1914ರ ಬಾಯ್ಲರ್ ಸಂಹಿತೆಯನ್ನು ರೂಪಿಸಿತು. ಮುಂದೆ ಬೆಸುಗೆಯ ಅರ್ಹತೆಗೆಂದೇ ಅದರಲ್ಲಿ ಒಂಬತ್ತನೆಯ ಭಾಗ ಸೇರಿತು. ನಮ್ಮ ದೇಶದಲ್ಲಿ 1950ರ ಭಾರತೀಯ ಬಾಯ್ಲರ್ ನಿಯಮಗಳು ಬಂದವು.

ಈ ಸಂಹಿತೆಯ ಪ್ರಕಾರ ಕೆಲಸಕ್ಕೆ ಮೊದಲು ಬೆಸುಗೆಯ ವಿಧಾನವನ್ನು ಕಾಗದದ ಮೇಲೆ ಬರೆಯಬೇಕು. ಯಾವ ಲೋಹ, ಎಷ್ಟು ದಪ್ಪ, ಯಾವ ಕಡ್ಡಿ, ಎಷ್ಟು ಆಂಪಿಯರ್, ಬೆಸೆಯುವ ಮೊದಲು ಎಷ್ಟು ಕಾಯಿಸಬೇಕು, ಬೆಸೆದ ಮೇಲೆ ಹೇಗೆ ಆರಿಸಬೇಕು ಎಂಬುದೆಲ್ಲ ಅದರಲ್ಲಿರುತ್ತದೆ. ಅನಂತರ ಅದೇ ಪ್ರಕಾರ ಎರಡು ತಗಡುಗಳನ್ನು ಬೆಸೆದು, ಸಂದಿಗೆ ಅಡ್ಡಲಾಗಿ ಪಟ್ಟಿಗಳನ್ನು ಕತ್ತರಿಸುತ್ತಾರೆ. ಎರಡು ಪಟ್ಟಿಗಳನ್ನು ತುಂಡಾಗುವವರೆಗೆ ಎಳೆಯುತ್ತಾರೆ, ನಾಲ್ಕನ್ನು ಕುದುರೆ ಲಾಳದಂತೆ ಬಗ್ಗಿಸುತ್ತಾರೆ. ಬಗ್ಗಿದ ಮೈಮೇಲೆ 3 ಮಿಲಿಮೀಟರಿಗಿಂತ ದೊಡ್ಡ ಬಿರುಕು ತೆರೆದರೆ ಆ ವಿಧಾನ ನಪಾಸು. ಇದು ಸಂಶೋಧನಾ ಕೇಂದ್ರದ ಪ್ರಯೋಗ ತಾಕು ಇದ್ದ ಹಾಗೆ. ಮೊದಲು ಸಣ್ಣ ತಾಕಿನಲ್ಲಿ ಪರೀಕ್ಷೆ, ಅದು ನಿಂತ ಮೇಲೆ ಶಿಫಾರಸು.

ಗುಂಪು ಮಾಡುವ ಅಗತ್ಯ

ಪೇಟೆಯಲ್ಲಿ ಸಾವಿರಾರು ಬಗೆಯ ಉಕ್ಕು ಮತ್ತು ಲೋಹಗಳಿವೆ. ಪ್ರತಿಯೊಂದಕ್ಕೂ, ಒಂದನ್ನೊಂದಕ್ಕೆ ಕೂಡಿಸುವ ಪ್ರತಿ ಜೋಡಿಗೂ ಬೇರೆ ಬೇರೆ ಪರೀಕ್ಷೆ ನಡೆಸುತ್ತ ಕುಳಿತರೆ ಕಾರ್ಖಾನೆ ಬಾಯ್ಲರ್ ಮಾಡುವುದು ಯಾವಾಗ? ಆದುದರಿಂದ ರಾಸಾಯನಿಕ ರಚನೆ, ಬೆಸೆಯಲು ಒಗ್ಗುವ ಗುಣ ಮತ್ತು ಬಲ ಹೆಚ್ಚುಕಡಿಮೆ ಒಂದೇ ಆಗಿರುವ ಲೋಹಗಳನ್ನು ಒಂದು ಗುಂಪಿನಲ್ಲಿಟ್ಟು, ಆ ಗುಂಪಿಗೆ ಪಿ-ಸಂಖ್ಯೆ ಎಂಬ ಅಂಕಿ ಕೊಟ್ಟಿದ್ದಾರೆ. ಗುಂಪಿನ ಒಂದು ಲೋಹದ ಮೇಲೆ ಪಾಸಾದ ವಿಧಾನ ಅದೇ ಗುಂಪಿನ ಉಳಿದ ಲೋಹಗಳಿಗೂ ಸಲ್ಲುತ್ತದೆ. ಗುಂಪು ದಾಟಿದರೆ ಹೊಸ ಪರೀಕ್ಷೆ ಬೇಕು.

ಕೃಷಿಯಲ್ಲಿ ಇದು ಹೊಸತಲ್ಲ. ಕರ್ನಾಟಕವನ್ನು ಮಳೆ, ಮಣ್ಣು, ಬೆಳೆಗಳ ಆಧಾರದ ಮೇಲೆ 10 ಕೃಷಿ ಹವಾಮಾನ ವಲಯಗಳಾಗಿ ವಿಂಗಡಿಸಲಾಗಿದೆ. ಸೇಡಂ ಮತ್ತು ಚಿತ್ತಾಪುರ ಈಶಾನ್ಯ ಒಣ ವಲಯದಲ್ಲಿವೆ. ಪಕ್ಕದ ಚಿಂಚೋಳಿ ಬೀದರಿನೊಂದಿಗೆ ಈಶಾನ್ಯ ಪರಿವರ್ತನಾ ವಲಯಕ್ಕೆ ಸೇರಿದೆ. ಚಿತ್ತಾಪುರದ ಆಳವಾದ ಕಪ್ಪು ಮಣ್ಣಿನಲ್ಲಿ ಗೆದ್ದ ಪದ್ಧತಿಯನ್ನು ಸೇಡಂನ ಅಂಥದೇ ಮಣ್ಣಿಗೆ ಧೈರ್ಯದಿಂದ ಹೇಳಬಹುದು. ಚಿಂಚೋಳಿಯ ಕೆಂಪು ಜಂಬಿಟ್ಟಿಗೆ ನೆಲಕ್ಕೆ ಅದನ್ನೇ ಹೇಳಬೇಕಾದರೆ ಮತ್ತೊಮ್ಮೆ ಪರೀಕ್ಷಿಸಿ ನೋಡಬೇಕು. ಊರುಗಳ ನಡುವಿನ ಅಂತರ ಇಲ್ಲಿ ಲೆಕ್ಕಕ್ಕಿಲ್ಲ, ಗುಣ ಲೆಕ್ಕ. ಕಬ್ಬಿಣದ ವಿಷಯದಲ್ಲೂ ಅಷ್ಟೆ. ಎರಡು ತುಂಡುಗಳು ನೋಡಲು ಒಂದೇ ಬಣ್ಣ, ಒಂದೇ ತೂಕ ಇದ್ದರೂ ಅವುಗಳ ಗುಂಪು ಬೇರೆ ಇರಬಹುದು.

ಪಿ-ಸಂಖ್ಯೆ 1ರಲ್ಲಿ ಸಾಮಾನ್ಯ ಕಾರ್ಬನ್ ಉಕ್ಕುಗಳು ಬರುತ್ತವೆ. ಬಾಯ್ಲರಿನ ನೀರಿನ ಕೊಳವೆಗಳು ಬಹುತೇಕ ಇವೇ. ಉಗಿಯನ್ನು ಇನ್ನಷ್ಟು ಕಾಯಿಸುವ ಕಡೆ ಶೇಕಡಾ 1ರ ಆಸುಪಾಸು ಕ್ರೋಮಿಯಂ ಮತ್ತು ಅರ್ಧ ಮಾಲಿಬ್ಡಿನಂ ಇರುವ ಉಕ್ಕು ಬೇಕು, ಅದು ಪಿ-4. ಕ್ರೋಮಿಯಂ ಎರಡೂಕಾಲು ಆದರೆ 5ಎ. ಸ್ಟೀಲ್ ಪಾತ್ರೆಗಳ ಜಾತಿಯ ತುಕ್ಕು ಹಿಡಿಯದ ಉಕ್ಕು ಪಿ-8. ಅಲ್ಯೂಮಿನಿಯಂ 21ರಿಂದ, ತಾಮ್ರ 31ರಿಂದ, ನಿಕ್ಕಲ್ 41ರಿಂದ ಆರಂಭವಾಗುತ್ತವೆ. ಅಂಕಿ ಬದಲಾದಂತೆ ವಿಧಾನವೂ ಬದಲಾಗುತ್ತದೆ. ಪಿ-1ರ ತೆಳು ತಗಡನ್ನು ಕಾಯಿಸದೆಯೇ ಬೆಸೆಯಬಹುದು. ಪಿ-4ಕ್ಕೆ ಸುಮಾರು 120 ಡಿಗ್ರಿ ಸೆಲ್ಸಿಯಸ್, 5ಎಗೆ 150ರಿಂದ 200 ಡಿಗ್ರಿಯವರೆಗೆ ಮೊದಲೇ ಕಾಯಿಸುವುದು ರೂಢಿ. ದಪ್ಪಕ್ಕೂ ಮಿತಿಯಿದೆ. 10 ಮಿ.ಮೀ. ತಗಡಿನ ಮೇಲೆ ಪಾಸಾದ ವಿಧಾನ ಸಾಮಾನ್ಯವಾಗಿ 1.5ರಿಂದ 20 ಮಿ.ಮೀ. ದಪ್ಪದವರೆಗೆ ಮಾತ್ರ ಸಲ್ಲುತ್ತದೆ.

ಗುಂಪುಗಳು ಶಾಶ್ವತವೂ ಅಲ್ಲ. ಶೇಕಡಾ 9 ಕ್ರೋಮಿಯಂ ಜೊತೆಗೆ ವೆನೇಡಿಯಂ ಸೇರಿದ ಒಂದು ಉಕ್ಕನ್ನು ಮೊದಲು 5ಬಿಯಲ್ಲಿ ಇಟ್ಟಿದ್ದರು. ಅದು ಬಿಸಿಗೆ ತನ್ನ ನೆರೆಯ ಉಕ್ಕುಗಳಂತೆ ನಡೆದುಕೊಳ್ಳುವುದಿಲ್ಲವೆಂಬುದು ಮನದಟ್ಟಾದ ಮೇಲೆ 15ಇ ಎಂಬ ಬೇರೆ ಗುಂಪಿಗೆ ಸೇರಿಸಲಾಯಿತು. ಒಂದೇ ಗುಂಪಿನಲ್ಲಿದೆ ಎಂದ ಮಾತ್ರಕ್ಕೆ ಒಂದರ ಬದಲು ಇನ್ನೊಂದನ್ನು ಕಣ್ಣು ಮುಚ್ಚಿ ಬಳಸಬಾರದೆಂದೂ ಸಂಹಿತೆ ಎಚ್ಚರಿಸುತ್ತದೆ. ಗುಂಪು ಬೆಸುಗೆಯ ಪರೀಕ್ಷೆಯನ್ನು ಕಡಿಮೆ ಮಾಡುವುದಕ್ಕಾಗಿ ಇದೆ, ಬಳಕೆಯ ಯೋಗ್ಯತೆ ಬೇರೆ ಮಾತು.

ಕೈಯ ಪರೀಕ್ಷೆ ಬೇರೆ, ವಿಧಾನದ ಪರೀಕ್ಷೆ ಬೇರೆ

ರೈತರೂ ವಿಸ್ತರಣಾ ಕಾರ್ಯಕರ್ತರೂ ಇಲ್ಲಿ ಮುಖ್ಯವಾಗಿ ಗಮನಿಸಬೇಕಾದ ಅಂಶ ಒಂದಿದೆ. ಸಂಹಿತೆಯಲ್ಲಿ ಬೆಸುಗೆಗಾರನ ಕೈಗೂ ಪರೀಕ್ಷೆಯಿದೆ, ವಿಧಾನಕ್ಕೂ ಪರೀಕ್ಷೆಯಿದೆ. ಕೈಯ ಪರೀಕ್ಷೆಯಲ್ಲಿ ನಿಯಮ ಉದಾರವಾಗಿದೆ. ಪಿ-1ರ ಉಕ್ಕಿನ ಮೇಲೆ ಪಾಸಾದವನು, ಕಡ್ಡಿಯ ಬಗೆ, ದಪ್ಪ, ಬೆಸೆಯುವ ಭಂಗಿ ಮುಂತಾದ ಮಿತಿಗಳಿಗೆ ಒಳಪಟ್ಟು, 15ರವರೆಗಿನ ಉಕ್ಕುಗಳನ್ನೆಲ್ಲ ಬೆಸೆಯಬಹುದು. ಕರಗಿದ ಲೋಹವನ್ನು ಸರಿಯಾಗಿ ಇಳಿಸುವ ಕೈಚಳಕ ಒಂದು ಉಕ್ಕಿನಿಂದ ಇನ್ನೊಂದಕ್ಕೆ ಹೋಗುತ್ತದೆ. ವಿಧಾನ ಹಾಗೆ ಹೋಗುವುದಿಲ್ಲ. ಪಿ-1ಕ್ಕೆ ಬರೆದ ವಿಧಾನವನ್ನು ಪಿ-4ಕ್ಕೆ ಬಳಸಿದರೆ ಎಷ್ಟೇ ಪಳಗಿದ ಕೈಯಾದರೂ ಬೆಸುಗೆಯ ಪಕ್ಕದಲ್ಲಿ ಬಿರುಕು ಬಿಡಬಹುದು.

ಹಳ್ಳಿಯ ಅಂಗಡಿಯಲ್ಲಿ ಆಗುವುದು ಇದೇ. ಗೇಟು, ಕಿಟಕಿ, ಪತ್ರಾಸಿನ ಚೌಕಟ್ಟುಗಳನ್ನು ಬೆಸೆದು ಪಳಗಿದ ಕೈ ಅದೇ ಕಡ್ಡಿಯಿಂದ, ಅದೇ ರೀತಿಯಲ್ಲಿ ಕುಂಟೆಯ ಕುಡಕ್ಕೂ ಬೆಸುಗೆ ಹಾಕುತ್ತದೆ. ಗೇಟಿನ ಕಬ್ಬಿಣ ಪಿ-1ರ ಜಾತಿಯದು. ಕುಡ ಅದಲ್ಲ.

ಕಾರ್ಬನ್ ಹೆಚ್ಚಾದರೆ ಆಗುವುದೇನು?

ಅಂಗಡಿಯಲ್ಲಿ ಎಂ.ಎಸ್. ಎಂದು ಮಾರುವ ಪಟ್ಟಿ, ಎಲ್ ಪಟ್ಟಿ, ಚಾನೆಲ್‌ಗಳಲ್ಲಿ ಕಾರ್ಬನ್ ಸುಮಾರು ಶೇಕಡಾ 0.2ರಷ್ಟು ಇರುತ್ತದೆ. ನಮ್ಮ ಕಮ್ಮಾರರು ಕುಡ ಮಾಡಲು ಹೆಚ್ಚಾಗಿ ಬಳಸುವ ಲಾರಿಯ ಕಮಾನು ಪಟ್ಟಿಯಲ್ಲಿ ಅದು ಶೇಕಡಾ 0.5ರಿಂದ 0.6ರಷ್ಟಿರುತ್ತದೆ. ಇಷ್ಟು ಸಣ್ಣ ಅಂತರದಿಂದ ಗುಣ ಪೂರ್ತಿ ಬದಲಾಗುತ್ತದೆ.

ಕಮ್ಮಾರನು ಕುಡಗೋಲನ್ನು ಕುಲುಮೆಯಲ್ಲಿ ಕೆಂಪಗೆ ಕಾಯಿಸಿ ನೀರಿಗೆ ಅದ್ದುವುದನ್ನು ಎಲ್ಲರೂ ಕಂಡಿದ್ದಾರೆ. ಕಾರ್ಬನ್ ಇರುವ ಉಕ್ಕು ತಟ್ಟನೆ ಆರಿದರೆ ಗಡಸಾಗುತ್ತದೆ, ಗಾಜಿನಂತೆ ಪೆಡಸೂ ಆಗುತ್ತದೆ. ಅದಕ್ಕೇ ಕಮ್ಮಾರನು ಮತ್ತೆ ಸ್ವಲ್ಪ ಕಾಯಿಸಿ ಪೆಡಸುತನ ಇಳಿಸುತ್ತಾನೆ. ಬೆಸುಗೆ ಹಾಕುವಾಗಲೂ ಇದೇ ನಡೆಯುತ್ತದೆ, ಆದರೆ ಯಾರ ಗಮನಕ್ಕೂ ಬಾರದೆ. ಬೆಸುಗೆಯ ಅಂಚು ಕೆಂಪಾಗುತ್ತದೆ, ಪಕ್ಕದ ತಣ್ಣನೆಯ ದಪ್ಪ ಕಬ್ಬಿಣ ಆ ಬಿಸಿಯನ್ನು ನೀರಿನಂತೆಯೇ ಬೇಗ ಹೀರುತ್ತದೆ. ಅಂಚು ಗಡಸಾಗಿ ಉಳಿಯುತ್ತದೆ. ಇದಕ್ಕೆ ಜಲಜನಕ ಸೇರುತ್ತದೆ. ಕಡ್ಡಿಯ ಲೇಪ ತೇವವಾಗಿದ್ದರೆ, ಕಬ್ಬಿಣಕ್ಕೆ ತುಕ್ಕು, ಗ್ರೀಸು, ಹಸಿ ಮಣ್ಣು ಮೆತ್ತಿದ್ದರೆ ಅವುಗಳಿಂದ ಹೊರಟ ಜಲಜನಕ ಕರಗಿದ ಲೋಹದೊಳಗೆ ಹೊಕ್ಕು, ಗಡಸಾದ ಅಂಚಿನ ಕಡೆ ನಿಧಾನವಾಗಿ ಸರಿಯುತ್ತದೆ. ಬಿರುಕು ಕೂಡಲೇ ಬಾರದೆ ಕೆಲವು ಗಂಟೆಗಳ ಬಳಿಕ, ಒಮ್ಮೊಮ್ಮೆ ಎರಡು ದಿನ ಕಳೆದ ಮೇಲೆ ಬರುತ್ತದೆ. ಅಂಗಡಿಯಲ್ಲಿ ಸುತ್ತಿಗೆಯಿಂದ ಹೊಡೆದು 'ಗಟ್ಟಿಯಿದೆ' ಎಂದು ಒಪ್ಪಿಸಿದ ಬೆಸುಗೆ ಹೊಲದಲ್ಲಿ ಬಿಡುವುದು ಇದರಿಂದಲೇ.

ಇಂಜಿನಿಯರುಗಳು ಇದನ್ನು ಅಳೆಯಲು ಕಾರ್ಬನ್ ಸಮಾನಾಂಕವೆಂಬ ಲೆಕ್ಕ ಹಾಕುತ್ತಾರೆ. ಕಾರ್ಬನ್ ಪ್ರಮಾಣಕ್ಕೆ ಮ್ಯಾಂಗನೀಸಿನ ಆರನೇ ಒಂದು ಪಾಲು, ಕ್ರೋಮಿಯಂ, ಮಾಲಿಬ್ಡಿನಂ ಮತ್ತು ವೆನೇಡಿಯಂ ಮೊತ್ತದ ಐದನೇ ಒಂದು ಪಾಲು, ನಿಕ್ಕಲ್ ಮತ್ತು ತಾಮ್ರದ ಮೊತ್ತದ ಹದಿನೈದನೇ ಒಂದು ಪಾಲು ಕೂಡಿಸಬೇಕು. ಕಾರ್ಬನ್ 0.55, ಮ್ಯಾಂಗನೀಸ್ 0.80 ಇರುವ ಕಮಾನು ಪಟ್ಟಿಗೆ 0.55ಕ್ಕೆ 0.13 ಸೇರಿ 0.68 ಆಯಿತು. ಇದು 0.40ರೊಳಗೆ ಇದ್ದರೆ ಸಾಮಾನ್ಯ ದಪ್ಪದ ತಗಡಿಗೆ ಚಿಂತೆಯಿಲ್ಲ. 0.60 ದಾಟಿದ ಉಕ್ಕನ್ನು ಕಾಯಿಸದೆ ಬೆಸೆಯಲೇಬಾರದು.

ಬಾಯ್ಲರ್ ಸಂಹಿತೆಯ ಪಟ್ಟಿಯಲ್ಲಿ ಕುಡದ ಉಕ್ಕಿಗೆ ಸ್ಥಳವಿಲ್ಲ, ಅಂಥದರಿಂದ ಯಾರೂ ಬಾಯ್ಲರ್ ಮಾಡುವುದಿಲ್ಲ. ಯುರೋಪಿನ ದೇಶಗಳು ಅನುಸರಿಸುವ, ಐ.ಎಸ್.ಒ. 15608 ಎಂಬ ವಿಂಗಡಣೆ ರೈತನಿಗೆ ಹೆಚ್ಚು ಹತ್ತಿರದ್ದು. ಅದರಲ್ಲಿ ಮೆತು ಉಕ್ಕು 1ನೆಯ ಗುಂಪು. ಕಾರ್ಬನ್ ಶೇಕಡಾ 0.30ರಿಂದ 0.85ರವರೆಗೆ ಇರುವ ಉಕ್ಕಿಗೆ 11 ಎಂಬ ಪ್ರತ್ಯೇಕ ಗುಂಪಿದೆ. ಬೀಡು ಕಬ್ಬಿಣಗಳಿಗೆ 71ರಿಂದ 76ರವರೆಗಿನ ಗುಂಪುಗಳಿವೆ. ರೈತನ ಅಂಗಳದಲ್ಲಿರುವ ಬಹುತೇಕ ಕಬ್ಬಿಣ ಈ ಮೂರು ಕಡೆಗಳಲ್ಲಿ ಅಡಗುತ್ತದೆ.

ಮನೆಯಲ್ಲೇ ಗುರುತಿಸುವ ಬಗೆ

ಟ್ರ್ಯಾಲಿಯ ಮೈ, ಕಲ್ಟಿವೇಟರಿನ ಚೌಕಟ್ಟು, ನೀರಿನ ಟ್ಯಾಂಕು ಮೆತು ಉಕ್ಕಿನವು. ಕುಡ, ಕಲ್ಟಿವೇಟರಿನ ಹಲ್ಲಿನ ತುದಿ, ರೆಕ್ಕೆ ನೇಗಿಲಿನ ಮೊನೆ, ರೋಟವೇಟರ್ ಬ್ಲೇಡು, ಕಮಾನು ಪಟ್ಟಿ, ಅಚ್ಚುಗಳು ಗಡಸು ಜಾತಿಯವು. ಪಂಪಿನ ಹೊರಕವಚ, ಹಳೆಯ ಇಂಜಿನ್ನಿನ ಮೈ ಬೀಡು. ಗುಜರಿಯಿಂದ ತಂದ ತುಂಡಾದರೆ ಪರೀಕ್ಷಿಸಿಯೇ ನೋಡಬೇಕು.

ಎಲ್ಲಕ್ಕಿಂತ ಸುಲಭವಾದದ್ದು ಕಿಡಿಯ ಪರೀಕ್ಷೆ. ನೆರಳಿನಲ್ಲಿ ನಿಂತು, ಕಣ್ಣಿಗೆ ಕನ್ನಡಕ ಹಾಕಿಕೊಂಡು, ಗ್ರೈಂಡರಿಗೆ ತುಂಡನ್ನು ಹಗುರಾಗಿ ಮುಟ್ಟಿಸಬೇಕು. ಮೆತು ಉಕ್ಕಿನ ಕಿಡಿಗಳು ಉದ್ದವಾದ ಹುಲ್ಲಿನ ಎಳೆಗಳಂತೆ ಹಾರುತ್ತವೆ, ಕವಲು ಕಡಿಮೆ. ಕಾರ್ಬನ್ ಹೆಚ್ಚಿದ್ದರೆ ಚಕ್ರದ ಹತ್ತಿರದಲ್ಲೇ ಸುರುಸುರು ಬತ್ತಿಯಂತೆ ಒಡೆದು ಪೊದೆಗಟ್ಟುತ್ತವೆ. ಬೀಡಿನ ಕಿಡಿ ಮಂಕು ಕೆಂಪು, ಗಿಡ್ಡ. ಗೊತ್ತಿರುವ ಎಂ.ಎಸ್. ತುಂಡು ಮತ್ತು ಹಳೆಯ ಕಮಾನು ಪಟ್ಟಿಯ ತುಂಡನ್ನು ಇಟ್ಟುಕೊಂಡು, ಪಕ್ಕಪಕ್ಕಕ್ಕೆ ಹಿಡಿದು ಹೋಲಿಸಿದರೆ ತಪ್ಪುವುದಿಲ್ಲ. ಅರದ ಪರೀಕ್ಷೆಯೂ ನೆರವಾಗುತ್ತದೆ. ಮೆತು ಉಕ್ಕನ್ನು ಅರ ಕಚ್ಚುತ್ತದೆ, ಹದ ಕೊಟ್ಟ ಉಕ್ಕಿನ ಮೇಲೆ ಜಾರುತ್ತದೆ.

ಸಿಮೆಂಟ್ ಕಾರ್ಖಾನೆಗಳೂ ಕಲ್ಲು ಪುಡಿಮಾಡುವ ಯಂತ್ರಗಳೂ ಇರುವ ಈ ಭಾಗದ ಗುಜರಿಯಲ್ಲಿ ಇನ್ನೊಂದು ಬಗೆಯ ಲೋಹ ಸಿಗುತ್ತದೆ. ಅದು ಶೇಕಡಾ 12ರಿಂದ 14ರಷ್ಟು ಮ್ಯಾಂಗನೀಸ್ ಇರುವ, ಕಲ್ಲು ಒಡೆಯುವ ದವಡೆಗೆ ಬಳಸುವ ಉಕ್ಕು. ಇದಕ್ಕೆ ಅಯಸ್ಕಾಂತ ಹತ್ತುವುದಿಲ್ಲ, ಅದೇ ಇದರ ಗುರುತು. ಇದರ ಸ್ವಭಾವ ಕಮಾನು ಪಟ್ಟಿಗೆ ತದ್ವಿರುದ್ಧ. ಅದನ್ನು ಕಾಯಿಸಿ ಬೆಸೆಯಬೇಕಾದರೆ ಇದನ್ನು ತಣ್ಣಗಿಟ್ಟೇ ಬೆಸೆಯಬೇಕು. ಹೆಚ್ಚು ಹೊತ್ತು ಕಾದರೆ ಪೆಡಸಾಗುತ್ತದೆ. ಗುಂಪು ತಿಳಿಯದೆ 'ಗಡಸು ಕಬ್ಬಿಣ, ಚೆನ್ನಾಗಿ ಕಾಯಿಸಿ' ಎಂದರೆ ಒಳ್ಳೆಯ ಲೋಹ ಕೆಟ್ಟಿತು. ವಾಡಿಯಂಥ ಜಂಕ್ಷನ್ ಊರಿನಲ್ಲಿ ಒಂದು ಮಾತು ಹೇಳಬೇಕು. ರೈಲು ಹಳಿಯ ತುಂಡು ಎಷ್ಟು ಅಗ್ಗವಾಗಿ ಸಿಕ್ಕರೂ ಕೊಳ್ಳಬಾರದು. ರೈಲ್ವೆ ಸ್ವತ್ತನ್ನು ಅಕ್ರಮವಾಗಿ ಇಟ್ಟುಕೊಳ್ಳುವುದು 1966ರ ಕಾಯ್ದೆಯಂತೆ ಅಪರಾಧ.

ಗಡಸು ಉಕ್ಕಿಗೆ ಬೆಸುಗೆ

ಕುಡ ಅಥವಾ ಹಲ್ಲಿನ ತುದಿಯನ್ನು ಬೆಸೆಯುವ ಮುನ್ನ ಮಣ್ಣು, ತುಕ್ಕು, ಎಣ್ಣೆಯನ್ನು ಉಜ್ಜಿ ಹೊಳೆಯುವ ಲೋಹ ಕಾಣುವಂತೆ ಮಾಡಬೇಕು. ಬಿರುಕು ಇದ್ದರೆ ಅದರ ಮೇಲೆ ಬೆಸುಗೆ ಸವರದೆ ತಳದವರೆಗೆ ಅರೆದು ತೆಗೆಯಬೇಕು. ಸಾಮಾನ್ಯ 6013 ಕಡ್ಡಿ ಇಲ್ಲಿ ಸಲ್ಲದು. ಕಡಿಮೆ ಜಲಜನಕದ 7018 ಕಡ್ಡಿಯನ್ನು ಕೇಳಿ ಪಡೆಯಬೇಕು. ಕಟ್ಟು ಒಡೆದು ಮಳೆಗಾಲದಲ್ಲಿ ಹೊರಗೆ ಬಿದ್ದಿದ್ದ 7018ರಿಂದ ಏನೂ ಪ್ರಯೋಜನವಿಲ್ಲ. ಅದನ್ನು ತಯಾರಕರು ಹೇಳಿದ ಪ್ರಕಾರ, ಸಾಮಾನ್ಯವಾಗಿ 300 ಡಿಗ್ರಿಯ ಆಸುಪಾಸಿನಲ್ಲಿ ಒಂದೆರಡು ಗಂಟೆ, ಒಲೆಪೆಟ್ಟಿಗೆಯಲ್ಲಿ ಒಣಗಿಸಬೇಕು. ಹಳ್ಳಿಯ ಅಂಗಡಿಯಲ್ಲಿ ಆ ಪೆಟ್ಟಿಗೆ ಇಲ್ಲದಿರುವುದೇ ದೊಡ್ಡ ಕೊರತೆ. ನಾಲ್ಕಾರು ಅಂಗಡಿಯವರು ಕೂಡಿ ಒಂದನ್ನು ಇಟ್ಟುಕೊಂಡರೂ ಸಾಕು.

ತುಂಡನ್ನು ಕುಲುಮೆಯಲ್ಲಾಗಲಿ ಗ್ಯಾಸ್ ಜ್ವಾಲೆಯಿಂದಾಗಲಿ 200ರಿಂದ 300 ಡಿಗ್ರಿಯವರೆಗೆ ಕಾಯಿಸಬೇಕು. ಕೆಂಪಾಗುವುದು ಬೇಡ, ಅದು ಅತಿಯಾಯಿತು. ಬೆಸುಗೆ ಮುಗಿಯುವವರೆಗೆ ಆ ಬಿಸಿ ಇಳಿಯಕೂಡದು. ಮುಗಿದೊಡನೆ ಒಣ ಬೂದಿಯಲ್ಲೋ ಒಣ ಸುಣ್ಣದ ಪುಡಿಯಲ್ಲೋ ಹೂತು ರಾತ್ರಿಯಿಡೀ ಆರಲು ಬಿಡಬೇಕು. ಅವಸರಕ್ಕೆ ನೀರು ಸುರಿಯುವವನು ತನ್ನ ಕೈಯಾರೆ ಬಿರುಕನ್ನು ಕರೆದಂತೆ. ಹೀಗೆ ಕಾಯಿಸಿದ ಭಾಗದ ಹದ ಸ್ವಲ್ಪ ಇಳಿಯುವುದುಂಟು. ಆದುದರಿಂದ ಸವೆಯುವ ಅಂಚಿನಿಂದ ಬೆಸುಗೆ ಎಷ್ಟು ದೂರವಿದ್ದರೆ ಅಷ್ಟು ಒಳ್ಳೆಯದು. ರೋಟವೇಟರ್ ಬ್ಲೇಡು ಮುರಿದರೆ ಬೆಸೆಯುವ ಗೋಜಿಗೆ ಹೋಗದೆ ಹೊಸದನ್ನು ಹಾಕಬೇಕು. ಅದು ವೇಗವಾಗಿ ತಿರುಗುವ ಭಾಗ, ಬಿಟ್ಟರೆ ಸಿಡಿಯುತ್ತದೆ.

ಕಾಗಿಣಾ ದಂಡೆಯ ಪಂಪುಗಳ ಬೀಡು ಕವಚ ಸೀಳಿದರೆ ನಿಕ್ಕಲ್ ಕಡ್ಡಿಯಿಂದ ಒಂದೊಂದು ಅಂಗುಲದಷ್ಟೇ ಬೆಸೆದು, ಸಣ್ಣ ಸುತ್ತಿಗೆಯಿಂದ ತಟ್ಟಿ, ಕೈ ಮುಟ್ಟುವಷ್ಟು ಆರಿದ ಮೇಲೆ ಮುಂದಿನ ಅಂಗುಲಕ್ಕೆ ಹೋಗಬೇಕು. ಗ್ಯಾಸಿನಿಂದ ಹಿತ್ತಾಳೆ ಹಾಕಿಸುವ ಹಳೆಯ ಪದ್ಧತಿಯೂ ಚೆನ್ನಾಗಿಯೇ ಇದೆ. ಸತು ಲೇಪಿಸಿದ ಜಿ.ಐ. ಪೈಪಾದರೆ ಬೆಸೆಯುವ ಜಾಗದ ಲೇಪವನ್ನು ಉಜ್ಜಿ ತೆಗೆದು, ಗಾಳಿಯಾಡುವ ಕಡೆ ಕೆಲಸ ಮಾಡಬೇಕು. ಅದರ ಹೊಗೆ ಕುಡಿದವರಿಗೆ ರಾತ್ರಿ ಚಳಿಜ್ವರ ಬರುತ್ತದೆ.

ಬೆಸೆಯಲೇಬಾರದ ಭಾಗಗಳು

ಕಲ್ಲುಗಣಿಯ ಕಂಪ್ರೆಸರಿನ ಗಾಳಿ ಟ್ಯಾಂಕು ಬಾಯ್ಲರಿನ ಜಾತಿಗೇ ಸೇರಿದ್ದು. ಅದು ಸೋರಿದರೆ ಅರ್ಹತೆ ಪಡೆದ ಕಾರ್ಖಾನೆಗೇ ಕಳಿಸಬೇಕು. ಡೀಸೆಲ್ ಟ್ಯಾಂಕು, ಔಷಧದ ಡಬ್ಬಿಗಳನ್ನು ಬರಿದಾಗಿವೆಯೆಂದು ನಂಬಿ ಬೆಸೆಯಹೋದವರು ಪ್ರಾಣ ಕಳೆದುಕೊಂಡಿದ್ದಾರೆ. ಟ್ರ್ಯಾಕ್ಟರಿನ ಮುಂದಿನ ಅಚ್ಚು ಮತ್ತು ಸ್ಟಿಯರಿಂಗ್ ಭಾಗಗಳಿಗೂ ಬೆಸುಗೆ ಸಲ್ಲದು.

ಟ್ರ್ಯಾಲಿಯ ಕೊಂಡಿ ಮತ್ತು ಅದರ ಪಿನ್ನಿನ ಬಗ್ಗೆ ಹೆಚ್ಚಿನ ಎಚ್ಚರ ಬೇಕು. ಟ್ರ್ಯಾಲಿಯಲ್ಲಿ ಜನರನ್ನು ಸಾಗಿಸಬಾರದೆಂಬ ನಿಯಮವಿದ್ದರೂ ತೊಗರಿ ಕಟಾವಿನ ಕಾಲದಲ್ಲಿ ಕೂಲಿ ಹೆಣ್ಣುಮಕ್ಕಳು ಅದರಲ್ಲೇ ಕುಳಿತು ಹೊಲಕ್ಕೆ ಹೋಗುತ್ತಾರೆ. ಹಳ್ಳ ಇಳಿಯುವಾಗ ಕೊಂಡಿ ಕಳಚಿದರೆ ಟ್ರ್ಯಾಲಿಯನ್ನು ತಡೆಯುವವರಾರು? ಪಿನ್ನು ಗಡಸು ಉಕ್ಕಿನದು, ಮುರಿದರೂ ಬಗ್ಗಿದರೂ ಬದಲಾಯಿಸುವುದೊಂದೇ ದಾರಿ. ಕೊಂಡಿಯ ತಟ್ಟೆ ಮೆತು ಉಕ್ಕಿನದೆಂದು ಕಿಡಿ ಪರೀಕ್ಷೆಯಿಂದ ಖಚಿತವಾದರೆ ಮಾತ್ರ, ಕಾರ್ಖಾನೆಯ ಕೆಲಸ ಬಲ್ಲವರಿಂದ 7018 ಕಡ್ಡಿಯಲ್ಲಿ ಎರಡೂ ಕಡೆ ಬೆಸೆಸಬಹುದು. ಬೆಸೆದ ದಿನವೇ ಹೊರೆ ಹೇರದೆ ಎರಡು ದಿನ ಬಿಡಬೇಕು. ಅನಂತರ ಬೆಸುಗೆ ಮತ್ತು ಅದರ ಎರಡೂ ಅಂಚುಗಳ ಮೇಲೆ ಡೀಸೆಲ್ ಸವರಿ, ಕಾಲು ಗಂಟೆ ಬಿಟ್ಟು, ಬಟ್ಟೆಯಿಂದ ಚೆನ್ನಾಗಿ ಒರೆಸಿ, ಬಿಳಿ ಸೀಮೆಸುಣ್ಣವನ್ನು ಪುಡಿ ಮಾಡಿ ತೆಳ್ಳಗೆ ಬಳಿಯಬೇಕು. ಒಳಗೆ ಬಿರುಕಿದ್ದರೆ ಅದರಲ್ಲಿ ಇಳಿದಿದ್ದ ಡೀಸೆಲ್ ಸುಣ್ಣಕ್ಕೆ ಹೀರಿ ಕಪ್ಪು ಗೆರೆಯಾಗಿ ಮೂಡುತ್ತದೆ. ಗೆರೆ ಕಂಡ ಕೊಂಡಿಗೆ ಮತ್ತೊಂದು ಬೆಸುಗೆ ಬೇಡ. ಅದನ್ನು ಕಳಚಿ ಗುಜರಿಗೆ ಹಾಕಿ ಹೊಸ ಕೊಂಡಿಯನ್ನು ಕೂಡಿಸುವವರೆಗೆ ಟ್ರ್ಯಾಲಿಯನ್ನು ಅಂಗಳದಿಂದ ಹೊರಡಿಸಬಾರದು.